ನೋರಾ ಔನೋರ್: ಆ ಕಲೆ ನಟಿಯದೇ, ನಿರ್ದೇಶಕರದೇ?

(ಚರ್ಚಾವೇದಿಕೆಯ ಬರಹಗಳು. ಪ್ರತಿ ಬರಹದ ಮೇಲಿರುವುದು ಬರೆದವರ ಅಡ್ಡಹೆಸರು.)

ನಾಲ್ಕನೇ ಸಾಲು

ನಮ್ಮ ಊರಿನ ಚಿತ್ರಸಮಾಜದಲ್ಲಿ ಮುಂದಿನ ತಿಂಗಳು ಫಿಲಿಪ್ಪೀನ್ಸ್‌ನ ನಟಿ ನೋರಾ ಔನೋರ್ ಅವರ ಒಂದು ಚಿತ್ರ ತೋರಿಸಬೇಕೆಂದಿದ್ದೇವೆ. ಪರಿಚಯದ ಕರಪತ್ರ ಬರೆಯುವ ಕೆಲಸ ನನ್ನ ಪಾಲಿಗೆ ಬಂದಿದೆ. ಅದರಲ್ಲಿನ ಒಂದು ವಾಕ್ಯಕ್ಕೆ ಸಮಿತಿಯಲ್ಲಿ ಆಕ್ಷೇಪ ಎದ್ದಿದೆ. ವಾಕ್ಯ ಹೀಗಿದೆ: "1970ರ ದಶಕದ ನಡುವಿನಲ್ಲಿ ಶುರುವಾದ ಫಿಲಿಪ್ಪೀನ್ಸ್ ಸಿನಿಮಾದ ಎರಡನೆಯ ಸುವರ್ಣಯುಗವನ್ನು ಕಟ್ಟಿದ್ದರಲ್ಲಿ ನಿರ್ದೇಶಕರಾದ ಲಿನೋ ಬ್ರೋಕಾ, ಇಷ್ಮಾಯೆಲ್ ಬೆರ್ನಾಲ್ ಅವರಿಗಿರುವಷ್ಟೇ ಪಾಲು ಈ ನಟಿಗೂ ಇದೆ." ನಟಿ ಕಟ್ಟುವವಳಲ್ಲ, ಇನ್ನೊಬ್ಬರು ಕಟ್ಟಿದ್ದರೊಳಗೆ ನಿಲ್ಲುವವಳು ಎಂಬುದು ಆಕ್ಷೇಪ. ಇಲ್ಲಿ ಸಿನಿಮಾ ಬಲ್ಲವರು ಹಲವರಿದ್ದೀರಿ. ನಿಮ್ಮ ಮುಂದೆ ಇಡುತ್ತಿದ್ದೇನೆ.

ಅವರ ಹೆಸರನ್ನೇ ಕೇಳದವರಿಗೆ ಸ್ವಲ್ಪ ಹಿನ್ನೆಲೆ. 1953ರಲ್ಲಿ ಬಿಕೋಲ್ ಪ್ರಾಂತದ ಇರಿಗಾ ಎಂಬ ಊರಿನ ಬಡ ಮನೆಯಲ್ಲಿ ಹುಟ್ಟಿದವರು. ರೈಲು ನಿಲ್ದಾಣದಲ್ಲಿ ಪ್ರಯಾಣಿಕರಿಗೆ ಕುಡಿಯುವ ನೀರು ಮಾರುತ್ತಿದ್ದ ಹುಡುಗಿ. 1967ರಲ್ಲಿ ರಾಷ್ಟ್ರಮಟ್ಟದ ಗಾಯನ ಸ್ಪರ್ಧೆಯೊಂದನ್ನು ಗೆದ್ದರು. ಹಾಡಿನ ತಟ್ಟೆಗಳು ಬಂದವು, ಹಿಂದೆಯೇ ಸಿನಿಮಾ ಬಂತು, ತಿರ್ಸೋ ಕ್ರೂಸ್ ಅವರೊಂದಿಗೆ ಜೋಡಿಯಾಗಿ ಹದಿಹರೆಯದವರ ಪ್ರೇಮಕಥೆಗಳು ಸಾಲುಗಟ್ಟಿ ಬಂದವು. ಆಮೇಲೆ 1976ರಿಂದ ಬೇರೆಯೇ ನೋರಾ ಕಾಣುತ್ತಾರೆ. 'ಬೋನಾ' (1980), 'ಹಿಮಾಲಾ' (1982), 'ದಿ ಫ್ಲೋರ್ ಕೊಂಟೆಂಪ್ಲಾಸಿಯೋನ್ ಸ್ಟೋರಿ' (1995), 'ದೈ ವೂಂಬ್' (2012). 2022ರಲ್ಲಿ ಅಲ್ಲಿನ ಅತ್ಯುನ್ನತ ಗೌರವವಾದ ರಾಷ್ಟ್ರೀಯ ಕಲಾವಿದೆ ಪದವಿ. 2025ರ ಏಪ್ರಿಲ್ 16ರಂದು, 71ನೆಯ ವಯಸ್ಸಿನಲ್ಲಿ ತೀರಿಕೊಂಡರು. ವೀರಯೋಧರ ರಾಷ್ಟ್ರೀಯ ಸ್ಮಶಾನದಲ್ಲಿ ಸಮಾಧಿ ಮಾಡಿದರು.

ಆ ವಾಕ್ಯವನ್ನು ತೆಗೆಯಲು ನನಗೆ ಮನಸ್ಸಿಲ್ಲ.

ಕತ್ತರಿ ಕೆಲಸ

ಎಡಿಟಿಂಗ್ ನನ್ನ ಹೊಟ್ಟೆಪಾಡು. ಹಾಗಾಗಿ ನಿಮ್ಮ ಸಮಿತಿಯವರ ಪರವಾಗಿಯೇ ಮಾತನಾಡುತ್ತೇನೆ.

ಈ ನಟಿಯನ್ನು ಹೊಗಳುವವರೆಲ್ಲ ಹೇಳುವುದು ಒಂದೇ ಮಾತು: ಕಣ್ಣು. ಸುಮ್ಮನೆ ನಿಂತು ಕಣ್ಣಿನಲ್ಲಿಯೇ ಎಲ್ಲವನ್ನೂ ಹೇಳುತ್ತಾರೆ ಎನ್ನುತ್ತಾರೆ. ರಷ್ಯಾದ ನಿರ್ದೇಶಕ ಲೆವ್ ಕುಲೆಶೊವ್ ನೂರು ವರ್ಷದ ಹಿಂದೆಯೇ ಒಂದು ಪ್ರಯೋಗ ಮಾಡಿ ತೋರಿಸಿದ್ದನ್ನು ಮರೆಯಬಾರದು. ನಟನೊಬ್ಬನ ಒಂದೇ ನಿರ್ಭಾವದ ಮುಖ. ಅದರ ಪಕ್ಕದಲ್ಲಿ ಒಮ್ಮೆ ಊಟದ ಬಟ್ಟಲು, ಇನ್ನೊಮ್ಮೆ ಶವಪೆಟ್ಟಿಗೆ. ನೋಡಿದವರು ಅವನ ಹಸಿವನ್ನೂ ದುಃಖವನ್ನೂ ಕೊಂಡಾಡಿದರು. ಮುಖ ಬದಲಾಗಿರಲಿಲ್ಲ, ಪಕ್ಕದ ಚಿತ್ರ ಬದಲಾಗಿತ್ತು. ಕ್ಯಾಮೆರಾ ಎಷ್ಟು ಹತ್ತಿರ ಹೋಗಬೇಕು, ಎಷ್ಟು ಹೊತ್ತು ಅಲ್ಲೇ ಇರಬೇಕು, ಆಮೇಲೆ ಯಾವ ದೃಶ್ಯ ಬರಬೇಕು ಎಂಬುದನ್ನು ನಟಿ ತೀರ್ಮಾನಿಸುವುದಿಲ್ಲ. ಬ್ರೋಕಾ ಮತ್ತು ಬೆರ್ನಾಲ್ ತೀರ್ಮಾನಿಸಿದರು. ಅವರ ಕೈಗೆ ಸಿಗುವ ಮೊದಲಿನ ಹತ್ತಾರು ಪ್ರೇಮಚಿತ್ರಗಳಲ್ಲಿ ಇದೇ ಕಣ್ಣುಗಳಿದ್ದವು. ಆಗ ಈ ಕಲೆ ಎಲ್ಲಿತ್ತು?

ಅವರು ದೊಡ್ಡ ನಟಿಯಲ್ಲ ಎಂದು ನಾನು ಹೇಳುತ್ತಿಲ್ಲ. 'ಅಷ್ಟೇ ಪಾಲು' ಎಂಬುದನ್ನು ಮಾತ್ರ ಒಪ್ಪುವುದಿಲ್ಲ.

ನಾಲ್ಕನೇ ಸಾಲು

ಕುಲೆಶೊವ್ ಪ್ರಯೋಗದಲ್ಲಿದ್ದುದು ಒಬ್ಬ ನಿರ್ದೇಶಕ, ಒಂದು ಮುಖ, ಕೆಲವು ಸೆಕೆಂಡುಗಳು. ನೋರಾ ಅವರ ವಿಷಯದಲ್ಲಿ ನಾಲ್ವರು ನಿರ್ದೇಶಕರನ್ನು ಪಕ್ಕಪಕ್ಕದಲ್ಲಿಟ್ಟು ನೋಡಿ ಎಂದು ಕೇಳುತ್ತೇನೆ.

ಬ್ರೋಕಾ ಅವರ 'ಬೋನಾ'ದಲ್ಲಿ ಕೊಳೆಗೇರಿ. ಕಿಷ್ಕಿಂಧೆಯಂಥ ಮನೆ, ಎಲ್ಲೆಲ್ಲೂ ಜನ, ಸದ್ದು. ಮಧ್ಯಮವರ್ಗದ ಮನೆಯ ಹುಡುಗಿಯೊಬ್ಬಳು ಚಿಲ್ಲರೆ ಪಾತ್ರಗಳ ನಟನೊಬ್ಬನ ಮೇಲಿನ ಭಕ್ತಿಯಿಂದ ಮನೆ ಬಿಟ್ಟು ಬಂದು ಅವನ ಚಾಕರಿ ಮಾಡುತ್ತಾಳೆ. ನೀರು ಹೊರುತ್ತಾಳೆ, ಕಾಯಿಸುತ್ತಾಳೆ, ಅವನಿಗೆ ಸ್ನಾನ ಮಾಡಿಸುತ್ತಾಳೆ. ಅವನು ಬೇರೆ ಹೆಂಗಸರನ್ನು ಕರೆತಂದರೂ ಸಹಿಸುತ್ತಾಳೆ. ಕೊನೆಗೆ ಅವನು ತಾನು ಅಮೆರಿಕಕ್ಕೆ ಹೊರಟಿದ್ದೇನೆ ಎಂದಾಗ, ಅದೇ ಕುದಿಯುವ ನೀರನ್ನು ಅವನ ಮೈಮೇಲೆ ಸುರಿಯುತ್ತಾಳೆ. ಬೆರ್ನಾಲ್ ಅವರ 'ಹಿಮಾಲಾ'ದಲ್ಲಿ ಇದಕ್ಕೆ ತದ್ವಿರುದ್ಧ: ಬಟ್ಟಬಯಲು, ಮರಳು, ದೂರದಲ್ಲಿ ನಿಂತ ಕ್ಯಾಮೆರಾ, ಸಾವಿರಾರು ಜನರ ನಡುವೆ ಬಿಳಿಬಟ್ಟೆಯ ಒಂದು ಪುಟ್ಟ ಆಕೃತಿ. ಮಾರಿಯೋ ಒಹಾರಾ ಅವರ 1976ರ ಚಿತ್ರ ಜಪಾನೀ ಆಕ್ರಮಣದ ಕಾಲದ ಶಾಲಾ ಶಿಕ್ಷಕಿಯ ಕಥೆ. ಅದರ ನಡೆಯೇ ಹಳೆಯ ಕಾಲದ ಮೆಲೋಡ್ರಾಮಾದ್ದು. ಬ್ರಿಯಾಂತೆ ಮೆಂಡೋಸಾ ಅವರ 'ದೈ ವೂಂಬ್' ಸಾಕ್ಷ್ಯಚಿತ್ರದ ಹಾಗೆ ಕೈಯಲ್ಲಿ ಹಿಡಿದ ಕ್ಯಾಮೆರಾದಲ್ಲಿ ತೆಗೆದದ್ದು. ಈ ನಾಲ್ವರ ಕತ್ತರಿ ಬೇರೆ, ಬೆಳಕು ಬೇರೆ, ಸಿನಿಮಾದ ಬಗೆಗಿನ ನಂಬಿಕೆಯೇ ಬೇರೆ. ಮೊದಲನೆಯದಕ್ಕೂ ಕೊನೆಯದಕ್ಕೂ ನಡುವೆ 36 ವರ್ಷ. ಆದರೂ ಒಂದು ಗುಣ ನಾಲ್ಕರಲ್ಲೂ ಹಾಗೆಯೇ ಉಳಿದಿದೆ: ಆ ಹೆಂಗಸು ಏನನ್ನೋ ನುಂಗಿಕೊಳ್ಳುತ್ತಿದ್ದಾಳೆ, ಅದು ಎಷ್ಟು ಹೊತ್ತು ಒಳಗೆ ನಿಲ್ಲುತ್ತದೋ ಗೊತ್ತಿಲ್ಲ ಎಂಬ ಭಯ ನೋಡುವವರಲ್ಲಿ ಹುಟ್ಟುತ್ತದೆ. ನಿರ್ದೇಶಕ ಬದಲಾದರೂ ಉಳಿಯುವ ಗುಣ ನಿರ್ದೇಶಕನದು ಹೇಗಾಗುತ್ತದೆ?

ಪ್ರೇಮಚಿತ್ರಗಳ ಬಗ್ಗೆ: ಆಗ ಅವರಿಗೆ ಹದಿನಾರು, ಹದಿನೇಳು ವಯಸ್ಸು. ವರ್ಷಕ್ಕೆ ಹತ್ತಕ್ಕಿಂತ ಹೆಚ್ಚು ಚಿತ್ರಗಳಲ್ಲಿ ಕುಣಿಸುತ್ತಿದ್ದ ಹುಡುಗಿಯಿಂದ ಇನ್ನೇನು ನಿರೀಕ್ಷಿಸಬೇಕು?

ದೋಹಾ ಕನ್ನಡತಿ

ನಾನು ಇಲ್ಲಿನ ಆಸ್ಪತ್ರೆಯೊಂದರಲ್ಲಿ ನರ್ಸ್. ಸಿನಿಮಾ ಸಿದ್ಧಾಂತ ನನಗೆ ತಿಳಿಯದು. ಆದರೆ ನಮ್ಮ ವಾರ್ಡಿನಲ್ಲಿ ಫಿಲಿಪ್ಪೀನ್ಸ್‌ನವರು ಹೆಚ್ಚು. ನೋರಾ ತೀರಿಕೊಂಡ ಸುದ್ದಿ ಬಂದದ್ದು ಪವಿತ್ರ ವಾರದಲ್ಲಿ, ಗುಡ್ ಫ್ರೈಡೇಗೆ ಎರಡು ದಿನ ಮೊದಲು. ನನ್ನ ಜೊತೆಗಿನ ಹಿರಿಯ ನರ್ಸ್ ಔಷಧಿ ಹಂಚುವ ಗಾಡಿಯನ್ನು ಬದಿಗೆ ನಿಲ್ಲಿಸಿ ಅತ್ತುಬಿಟ್ಟರು. ಅವರು ನನಗೆ ಹೇಳಿದ್ದು ಪ್ರಶಸ್ತಿಗಳ ಬಗ್ಗೆ ಅಲ್ಲ, ಫ್ಲೋರ್ ಬಗ್ಗೆ.

ಫ್ಲೋರ್ ಕೊಂಟೆಂಪ್ಲಾಸಿಯೋನ್ ಸಿಂಗಾಪುರದಲ್ಲಿ ಮನೆಗೆಲಸ ಮಾಡುತ್ತಿದ್ದ ಫಿಲಿಪ್ಪೀನ್ಸ್‌ನ ಹೆಂಗಸು. ಇನ್ನೊಬ್ಬ ಮನೆಗೆಲಸದವಳನ್ನೂ ಒಂದು ಮಗುವನ್ನೂ ಕೊಂದ ಆರೋಪದ ಮೇಲೆ 1995ರ ಮಾರ್ಚ್ 17ರಂದು ಅವಳನ್ನು ಗಲ್ಲಿಗೇರಿಸಿದರು. ಅವಳು ನಿರ್ದೋಷಿ ಎಂದು ಅವಳ ದೇಶದ ಬಹುಪಾಲು ಜನ ನಂಬಿದ್ದರು. ಬೀದಿಗಿಳಿದರು, ತಮ್ಮ ಸರ್ಕಾರವೇ ಅವಳನ್ನು ಕೈಬಿಟ್ಟಿತು ಎಂದು ಕೂಗಿದರು. ಎರಡೂ ದೇಶಗಳ ರಾಯಭಾರ ಸಂಬಂಧವೇ ಹದಗೆಟ್ಟಿತು. ಹೊರದೇಶಗಳಲ್ಲಿ ದುಡಿಯುವವರ ರಕ್ಷಣೆಗೆಂದು ಫಿಲಿಪ್ಪೀನ್ಸ್ ಅದೇ ವರ್ಷ ಕಾನೂನು ಮಾಡಿತು. ಸಿನಿಮಾ ಬಂದದ್ದೂ ಅದೇ ವರ್ಷ, ನೋರಾ ಅವರೇ ಫ್ಲೋರ್. ಕೈರೋ ಚಿತ್ರೋತ್ಸವದಲ್ಲಿ ಚಿತ್ರಕ್ಕೆ ಅತ್ಯುನ್ನತ ಪ್ರಶಸ್ತಿ, ಅವರಿಗೆ ಶ್ರೇಷ್ಠ ನಟಿ ಪ್ರಶಸ್ತಿ ಎರಡೂ ಬಂದವು.

ಆ ಹಿರಿಯರು ಆಗ ಹುಡುಗಿ. ತಾಯಿ ಹಾಂಗ್‌ಕಾಂಗ್‌ನಲ್ಲಿ ಮನೆಗೆಲಸಕ್ಕಿದ್ದರಂತೆ. ಅಜ್ಜಿಯ ಜೊತೆ ಚಿತ್ರಮಂದಿರದಲ್ಲಿ ಈ ಚಿತ್ರ ನೋಡಿದಾಗ, ಅಮ್ಮ ಕಾಗದದಲ್ಲಿ ಬರೆಯದೆ ಬಿಟ್ಟದ್ದೆಲ್ಲ ತಮಗೆ ಅರ್ಥವಾಯಿತು ಎಂದರು. ನಾನೂ ನನ್ನ ಮಗಳನ್ನು ಉಡುಪಿಯಲ್ಲಿ ಅಮ್ಮನ ಹತ್ತಿರ ಬಿಟ್ಟು ಬಂದವಳು. ಆ ಮಾತು ಇನ್ನೂ ಎದೆಯಲ್ಲಿ ಕುಳಿತಿದೆ. ಕತ್ತರಿ ಕೆಲಸದ ಸರ್, ಆ ಹೆಂಗಸರಿಗೆ ನಿರ್ದೇಶಕರು ಯಾರೆಂದು ಕೇಳಿದರೆ ಹೆಸರು ತಕ್ಷಣ ಬರುವುದಿಲ್ಲ. ಪಾಲು ಹಂಚುವಾಗ ಅವರ ಲೆಕ್ಕವೂ ಒಂದು ಲೆಕ್ಕವೇ ಅಲ್ಲವೇ?

ಕತ್ತರಿ ಕೆಲಸ

ಮೇಡಂ, ನಿಮ್ಮ ಮಾತಿನ ಮುಂದೆ ವಾದ ಮಾಡುವುದು ಕಷ್ಟ. ಆದರೂ ಹೇಳುತ್ತೇನೆ. ಜನ ಯಾರಿಗಾಗಿ ಅಳುತ್ತಾರೆ ಎಂಬುದು ಒಂದು ಪ್ರಶ್ನೆ, ಚಿತ್ರವನ್ನು ಯಾರು ಮಾಡಿದರು ಎಂಬುದು ಬೇರೆ ಪ್ರಶ್ನೆ. ಆ ಚಿತ್ರದ ನಿರ್ದೇಶಕರು ಜೋಯೆಲ್ ಲಮಂಗನ್. ಮಾರ್ಚ್‌ನಲ್ಲಿ ಗಲ್ಲು, ಅದೇ ವರ್ಷ ತೆರೆಗೆ. ಅವಸರ ಪ್ರತಿ ದೃಶ್ಯದಲ್ಲೂ ಎದ್ದು ಕಾಣುತ್ತದೆ. ಕೂಗಾಟ ಹೆಚ್ಚು, ಸಂಗೀತ ಹೆಚ್ಚು. ಚಿತ್ರವಾಗಿ ಅದು 'ಬೋನಾ'ದ ಪಕ್ಕದಲ್ಲಿ ನಿಲ್ಲುವುದಿಲ್ಲ. ಅಂದರೆ ಒಳ್ಳೆಯ ನಿರ್ದೇಶಕ ಸಿಕ್ಕಾಗ ಒಳ್ಳೆಯ ಚಿತ್ರ ಬಂತು, ಸಿಗದಾಗ ಬರಲಿಲ್ಲ. ನನ್ನ ವಾದಕ್ಕೇ ಇದು ಬಲ ಕೊಡುತ್ತದೆ.

ಮೈಸೂರು ಮೇಷ್ಟರು

ಇತಿಹಾಸ ಪಾಠ ಮಾಡಿ ನಿವೃತ್ತನಾದವನು. ಯಾರೂ ಇನ್ನೂ ಎತ್ತದ ಒಂದು ಚಿತ್ರದ ಮಾತು ಎತ್ತುತ್ತೇನೆ, ಯಾಕೆಂದರೆ ಆ ಕಾಲವನ್ನು ಬಿಟ್ಟು ಈ ನಟಿಯನ್ನು ನೋಡಿದರೆ ಅರ್ಧ ಮಾತ್ರ ಕಾಣುತ್ತಾರೆ.

1976ರ 'ಮಿನ್ಸಾಯ್ ಇಸಂಗ್ ಗಮುಗಮೋ'. ಆಗ ಫಿಲಿಪ್ಪೀನ್ಸ್‌ನಲ್ಲಿ ಅಧ್ಯಕ್ಷ ಫರ್ಡಿನಾಂಡ್ ಮಾರ್ಕೋಸ್ ಅವರ ಸೇನಾ ಕಾನೂನು. ಅಮೆರಿಕದ ದೊಡ್ಡ ಸೇನಾ ನೆಲೆಗಳು ಅಲ್ಲಿದ್ದವು. ನೋರಾ ಅವರದು ಅಮೆರಿಕಕ್ಕೆ ಹೋಗಬೇಕೆಂದು ಕನಸು ಕಾಣುವ ನರ್ಸ್ ಪಾತ್ರ. ಕಾಗದಪತ್ರಗಳೆಲ್ಲ ಸಿದ್ಧ. ಅಷ್ಟರಲ್ಲಿ ಅವಳ ತಮ್ಮನನ್ನು ನೆಲೆಯ ಕಾವಲಿನ ಅಮೆರಿಕನ್ ಸೈನಿಕನೊಬ್ಬ ಗುಂಡಿಟ್ಟು ಕೊಲ್ಲುತ್ತಾನೆ. ಕಾಡುಹಂದಿ ಎಂದುಕೊಂಡೆ ಎಂಬುದು ಅವರ ಸಮಜಾಯಿಷಿ. ನನ್ನ ತಮ್ಮ ಹಂದಿಯಲ್ಲ ಎಂದು ಅವಳು ಇಂಗ್ಲಿಷಿನಲ್ಲಿ, ಅವರ ಭಾಷೆಯಲ್ಲೇ ಕೂಗುತ್ತಾಳೆ. ಆ ದೇಶದಲ್ಲಿ ಈ ಮಾತು ಬಾರದವರಿಲ್ಲ.

ಇದನ್ನು ನಿರ್ದೇಶಿಸಿದವರು ಲುಪಿತಾ ಅಕಿನೋ. ಮಾರ್ಕೋಸ್ ಅವರ ಎದುರಾಳಿ, ಆಗ ಸೆರೆಮನೆಯಲ್ಲಿದ್ದ ಬೆನಿಗ್ನೋ 'ನಿನೋಯ್' ಅಕಿನೋ ಅವರ ತಂಗಿ. ಮುಂದೆ 2014ರಲ್ಲಿ ತಜ್ಞರು ಆರಿಸಿ ಕಳಿಸಿದ್ದ ರಾಷ್ಟ್ರೀಯ ಕಲಾವಿದರ ಪಟ್ಟಿಯಿಂದ ನೋರಾ ಅವರ ಹೆಸರು ಹೊಡೆದುಹಾಕಿದ ಅಧ್ಯಕ್ಷ ಬೆನಿಗ್ನೋ ಅಕಿನೋ ಇದೇ ನಿನೋಯ್ ಅವರ ಮಗ, ಅಂದರೆ ಲುಪಿತಾ ಅವರ ಅಣ್ಣನ ಮಗ. 2005ರಲ್ಲಿ ಲಾಸ್ ಏಂಜಲೀಸ್ ವಿಮಾನ ನಿಲ್ದಾಣದಲ್ಲಿ ಮಾದಕವಸ್ತು ಇಟ್ಟುಕೊಂಡಿದ್ದಕ್ಕೆ ನೋರಾ ಬಂಧಿತರಾಗಿದ್ದರು. ಪ್ರಕರಣ ಆಮೇಲೆ ವಜಾ ಆಯಿತು. ಅಧ್ಯಕ್ಷರು ಅದನ್ನೇ ಕಾರಣವಾಗಿ ಹಿಡಿದರು, ಯುವಜನರಿಗೆ ತಪ್ಪು ಸಂದೇಶ ಹೋಗಬಾರದು ಎಂಬ ಧಾಟಿಯಲ್ಲಿ. 2018ರಲ್ಲಿ ಮುಂದಿನ ಅಧ್ಯಕ್ಷರಾದ ದುತೆರ್ತೆ ಅವರ ಕಾಲದಲ್ಲೂ ಹೆಸರು ಬಿಟ್ಟುಹೋಯಿತು. 2022ರ ಜೂನ್‌ನಲ್ಲಿ ಅದೇ ದುತೆರ್ತೆ ಅಧಿಕಾರ ಬಿಡುವ ಹೊತ್ತಿಗೆ ಕೊಟ್ಟರು. ಎಂಟು ವರ್ಷ ಕಾಯಿಸಿದ್ದು ಕಲೆಯ ಪ್ರಶ್ನೆಯಿಂದ ಅಲ್ಲವೇ ಅಲ್ಲ. ಹೆಣ್ಣೊಬ್ಬಳು, ಅದೂ ಬಡತನದಿಂದ ಮೇಲೆ ಬಂದವಳು, ಬದುಕಿನಲ್ಲಿ ಎಡವಿದಾಗ ಅದನ್ನು ಎಷ್ಟು ಕಾಲ ನೆನಪಿಟ್ಟುಕೊಳ್ಳುತ್ತಾರೆ ನೋಡಿ.

ಸಂಜೆ ಆಟ

ಮೇಷ್ಟರೇ, ಅಕಿನೋ ಕುಟುಂಬದ ವಿಷಯ ಹೇಳುವಾಗ ಇನ್ನೊಂದನ್ನೂ ಹೇಳಬೇಕಿತ್ತು. 1986ರ ಚುನಾವಣೆಯಲ್ಲಿ ನಿನೋಯ್ ಅವರ ಹೆಂಡತಿಯೇ ಮಾರ್ಕೋಸ್ ಎದುರು ಸ್ಪರ್ಧಿಸಿದಾಗ, ನೋರಾ ನಿಂತದ್ದು ಮಾರ್ಕೋಸ್ ಪಕ್ಕದಲ್ಲಿ. ಜನ ದಂಗೆಯೆದ್ದು ಬೀದಿ ತುಂಬಿದ ಮೇಲೆ ಜನರ ಕಡೆ ಬಂದರು. 'ಹಿಮಾಲಾ'ಕ್ಕೆ ಹಣ ಹಾಕಿದ್ದು ಮಾರ್ಕೋಸ್ ಅವರ ಮಗಳು ಇಮೀ ಮುಖ್ಯಸ್ಥರಾಗಿದ್ದ ಸರ್ಕಾರಿ ಸಂಸ್ಥೆ.

ಇನ್ನು ಮುಖ್ಯ ಮಾತು. ಇಲ್ಲಿ ನಟಿ ವಿಲ್ಮಾ ಸಾಂತೋಸ್ ಹೆಸರೇ ಬಂದಿಲ್ಲವಲ್ಲ? ನಲವತ್ತು ವರ್ಷ ಆ ದೇಶದ ಪ್ರೇಕ್ಷಕರನ್ನು ಎರಡು ಬಣ ಮಾಡಿದ ಜೋಡಿ ಅದು. 1982ರಲ್ಲಿ ಬೆರ್ನಾಲ್ ಎರಡು ದೊಡ್ಡ ಚಿತ್ರ ಮಾಡಿದರು: ನೋರಾ ಅವರೊಂದಿಗೆ 'ಹಿಮಾಲಾ', ವಿಲ್ಮಾ ಅವರೊಂದಿಗೆ 'ರೆಲಾಸ್ಯೋನ್'. ಆ ವರ್ಷದ ಶ್ರೇಷ್ಠ ನಟಿ ಪ್ರಶಸ್ತಿಗಳನ್ನು ಅಲ್ಲಿನ ದೊಡ್ಡ ಸಂಸ್ಥೆಗಳೆಲ್ಲ ಕೊಟ್ಟದ್ದು ವಿಲ್ಮಾ ಅವರಿಗೆ. ವಿವಾಹಿತನೊಬ್ಬನ ಜೊತೆ ಬಾಳುವ ಸಾಮಾನ್ಯ ಹೆಂಗಸಿನ ಪಾತ್ರ. 'ಹಿಮಾಲಾ'ದ ಹಾಗೆ ಬೆಟ್ಟದ ಮೇಲೆ ನಿಂತು ಭಾಷಣ ಮಾಡುವುದಕ್ಕಿಂತ ಅಡುಗೆಮನೆಯಲ್ಲಿ ನಿಂತು ಜಗಳವಾಡುವುದು ಕಷ್ಟದ ನಟನೆ. ವಿಲ್ಮಾ ನಗುತ್ತಾರೆ, ಕೋಪಿಸಿಕೊಳ್ಳುತ್ತಾರೆ, ಸುಳ್ಳು ಹೇಳುತ್ತಾರೆ, ಊಟಕ್ಕೆ ಬಡಿಸುತ್ತಾರೆ. ನೋರಾ ಯಾವಾಗಲೂ ಸಹಿಸುವ ಹೆಂಗಸು. ಅಮ್ಮ, ದಾದಿ, ಕೈದಿ, ಸಂತಳು. ಒಂದೇ ಸ್ವರವನ್ನು ಬಹಳ ಆಳವಾಗಿ ಹಾಡುತ್ತಾರೆ, ನಿಜ. ಆದರೆ ಒಂದೇ ಸ್ವರ.

ಮಲೆನಾಡಿನವಳು

ಒಂದೇ ಸ್ವರವೇ? 'ಬೋನಾ' ನೋಡಿದ್ದೀರಾ? ಅವಳು ಸಹಿಸುವ ಹೆಂಗಸಲ್ಲ, ಬೇಕೆಂದು ಮೈಮೇಲೆ ಎಳೆದುಕೊಂಡ ಹೆಂಗಸು. ಅವನ ಮನೆಯನ್ನು ತನ್ನದೆಂದು ಹಿಡಿದುಕೊಳ್ಳುವ ಹಟ ಇದೆಯಲ್ಲ, ಅದರಲ್ಲಿ ಭಕ್ತಿ ಎಷ್ಟೋ ಯಜಮಾನಿಕೆಯೂ ಅಷ್ಟೇ. ಚಿತ್ರ ಶುರುವಾಗುವುದೇ ಮನಿಲಾದ ಕಿಯಾಪೋದಲ್ಲಿ ನಡೆಯುವ ಕಪ್ಪು ಏಸುವಿನ ಮೆರವಣಿಗೆಯಿಂದ, ಮೂರ್ತಿಯನ್ನು ಮುಟ್ಟಲು ಒಬ್ಬರ ಮೇಲೊಬ್ಬರು ಬೀಳುವ ಜನಸಾಗರದಿಂದ. ಮುಟ್ಟಿದರೆ ಸಾಕು ಎಂಬ ಆ ಹುಚ್ಚನ್ನು ನೋರಾ ಮನೆಯೊಳಗೆ ತಂದು ತೋರಿಸುತ್ತಾರೆ.

ಇನ್ನು ಕತ್ತರಿ ಕೆಲಸದವರಿಗೆ. ಕ್ಯಾಮೆರಾ ಎಲ್ಲಿಡಬೇಕೆಂದು ನಟಿ ತೀರ್ಮಾನಿಸುವುದಿಲ್ಲ ಎಂದಿರಿ. ಸರಿ. ಆದರೆ ಚಿತ್ರ ಆಗಬೇಕೋ ಬೇಡವೋ ಎಂದು ತೀರ್ಮಾನಿಸಿದವರು ಯಾರು? 'ಬೋನಾ'ದ ನಿರ್ಮಾಪಕಿ ನೋರಾ ಔನೋರ್. ಒಹಾರಾ ಅವರ ಜಪಾನೀ ಆಕ್ರಮಣದ ಕಾಲದ ಚಿತ್ರದ ನಿರ್ಮಾಪಕಿಯೂ ಅವರೇ. ಎನ್‌ವಿ ಪ್ರೊಡಕ್ಷನ್ಸ್ ಅವರ ಸ್ವಂತ ಸಂಸ್ಥೆ. ಪ್ರೇಮಗೀತೆಗಳಿಂದ ಬಂದ ಹಣವನ್ನು, ಗಲ್ಲಾಪೆಟ್ಟಿಗೆಯಲ್ಲಿ ಗೆಲ್ಲುತ್ತದೆಂಬ ಯಾವ ಭರವಸೆಯೂ ಇಲ್ಲದ ಚಿತ್ರಗಳಿಗೆ ಸುರಿದರು. ಆ ಶಿಕ್ಷಕಿ ತನ್ನನ್ನು ಬಲಾತ್ಕರಿಸಿದ ಜಪಾನೀ ಸೇನೆಯ ಅಧಿಕಾರಿಯನ್ನೇ ಆಮೇಲೆ ಪ್ರೀತಿಸುತ್ತಾಳೆ, ಊರಿನವರ ಕೈಯಲ್ಲಿ ಸಾಯುತ್ತಾಳೆ. 1976ರಲ್ಲಿ, ಯುದ್ಧದ ಗಾಯ ಮಾಯದ ದೇಶದಲ್ಲಿ, ಜನಪ್ರಿಯ ನಾಯಕಿಯೊಬ್ಬರು ಸ್ವಂತ ದುಡ್ಡಿನಿಂದ ಈ ಕಥೆಗೆ ಕೈಹಾಕುತ್ತಾರೆ. ಅಲ್ಲಿನ ವಿಮರ್ಶಕರು ಉರಿಯಾನ್ ಪ್ರಶಸ್ತಿ ಶುರುಮಾಡಿದಾಗ ಮೊಟ್ಟಮೊದಲ ಶ್ರೇಷ್ಠ ನಟಿ ಪ್ರಶಸ್ತಿ ಕೊಟ್ಟದ್ದು ಇದೇ ಪಾತ್ರಕ್ಕೆ. ಇದು ಕಟ್ಟುವುದಲ್ಲದಿದ್ದರೆ ಕಟ್ಟುವುದು ಎಂದರೇನು?

ಬಣ್ಣದ ವಿಷಯವೂ ಇದೆ. ಅವರಿಗಿಂತ ಮೊದಲು ಅಲ್ಲಿನ ನಾಯಕಿಯರೆಂದರೆ ಸ್ಪೇನ್ ಅಥವಾ ಅಮೆರಿಕದ ರಕ್ತ ಬೆರೆತ, ಬೆಳ್ಳಗಿನ, ಎತ್ತರದ ಹೆಂಗಸರು. ನೋರಾ ಕಂದುಬಣ್ಣ, ಗಿಡ್ಡ ಮೈಕಟ್ಟು. ದೊಡ್ಡ ಸ್ಟುಡಿಯೋಗಳು ಐವತ್ತು ವರ್ಷ ನಂಬಿಕೊಂಡು ಬಂದಿದ್ದ ರೂಪದ ಲೆಕ್ಕವನ್ನು ಬಡ ಮನೆಗಳ ಹುಡುಗಿಯರು ಚೀಟಿ ಕೊಂಡು ಒಡೆದರು. ತಮ್ಮ ಮುಖವನ್ನು ಅವರು ತೆರೆಯ ಮೇಲೆ ಮೊದಲ ಸಲ ಕಂಡರು. ಬ್ರೋಕಾ ಕೊಳೆಗೇರಿಯ ಕಥೆ ಹೇಳಲು ಹೊರಟಾಗ ಆ ಮುಖ ಆಗಲೇ ದೇಶಕ್ಕೆ ಒಪ್ಪಿಗೆಯಾಗಿತ್ತು. ಆ ಒಪ್ಪಿಗೆಯನ್ನು ಯಾವ ನಿರ್ದೇಶಕರೂ ತಯಾರು ಮಾಡಿರಲಿಲ್ಲ. ನೀವು ಕೀಳಾಗಿ ಕಾಣುವ ಪ್ರೇಮಚಿತ್ರಗಳು ಮಾಡಿದ ಕೆಲಸ ಅದು.

ಸಂಜೆ ಆಟ

ನಿರ್ಮಾಪಕಿಯ ವಿಷಯ ಬಲವಾದ ಮಾತು. ಆದರೆ ವಿಲ್ಮಾ ಅವರೂ ತಮ್ಮ ಮುದ್ದುಹುಡುಗಿ ಪಟ್ಟವನ್ನು ತಾವೇ ಒಡೆದು 1977ರಲ್ಲಿ 'ಬರ್ಲೆಸ್ಕ್ ಕ್ವೀನ್' ಮಾಡಿದರು, 1984ರಲ್ಲಿ 'ಸಿಸ್ಟರ್ ಸ್ಟೆಲ್ಲಾ ಎಲ್.' ಎಂಬ ಚಿತ್ರದಲ್ಲಿ ಮುಷ್ಕರ ನಿರತ ಕಾರ್ಮಿಕರ ಜೊತೆ ನಿಲ್ಲುವ ಸನ್ಯಾಸಿನಿಯಾದರು. ಅದು ಮಾರ್ಕೋಸ್ ಆಡಳಿತ ಇದ್ದಾಗಲೇ ಬಂದ ಚಿತ್ರ. ಆ ಯುಗ ಕಟ್ಟಿದ್ದರಲ್ಲಿ ನಟಿಯರಿಗೆ ಪಾಲಿದೆ ಎಂದು ಬರೆಯುವುದಾದರೆ ಇಬ್ಬರ ಹೆಸರನ್ನೂ ಬರೆಯಿರಿ. ಅದೇ ನನ್ನ ಬೇಡಿಕೆ.

ನಾಲ್ಕನೇ ಸಾಲು

ಅದು ನ್ಯಾಯವಾದ ಬೇಡಿಕೆ. ವಿಲ್ಮಾ ಅವರ ಹೆಸರು ಕರಪತ್ರದಲ್ಲಿ ಇರುತ್ತದೆ.

ಕತ್ತರಿ ಕೆಲಸ

ನಿರ್ಮಾಪಕಿಯಾಗಿ ಅವರು ಮಾಡಿದ್ದು ದೊಡ್ಡದು, ಅದನ್ನು ಕರಪತ್ರದಲ್ಲಿ ದಪ್ಪಕ್ಷರದಲ್ಲಿ ಹಾಕಿ. ಆದರೆ ಗಮನಿಸಿ, ನೀವೀಗ ನಟನೆಯ ಮಾತು ಬಿಟ್ಟು ನಿರ್ಮಾಣದ ಮಾತಿಗೆ ಬಂದಿದ್ದೀರಿ. ನಟನೆ ಮಾತ್ರದಿಂದಲೇ ಒಬ್ಬರು ಯುಗ ಕಟ್ಟಬಲ್ಲರೇ ಎಂಬ ನನ್ನ ಪ್ರಶ್ನೆ ಹಾಗೆಯೇ ಇದೆ. ರಾಷ್ಟ್ರೀಯ ಕಲಾವಿದರ ಪಟ್ಟಿ ನೋಡಿ. ಸಿನಿಮಾ ವಿಭಾಗದಲ್ಲಿ ಬ್ರೋಕಾ, ಬೆರ್ನಾಲ್, ಹೆರಾರ್ದೋ ದೆ ಲಿಯೋನ್, ಎಡ್ಡೀ ರೊಮೆರೋ, ಎಲ್ಲ ನಿರ್ದೇಶಕರು. ಫರ್ನಾಂಡೋ ಪೋ ಜೂನಿಯರ್ ಇದ್ದಾರೆ, ದೊಡ್ಡ ನಾಯಕನಟ, ನಿಜ. ಆದರೆ ಅವರೂ ಬೇರೆ ಹೆಸರಿನಲ್ಲಿ ಚಿತ್ರಗಳನ್ನು ನಿರ್ದೇಶಿಸುತ್ತಿದ್ದರು.

'ಹಿಮಾಲಾ'ವನ್ನೇ ತೆಗೆದುಕೊಳ್ಳೋಣ. ಚಿತ್ರಕಥೆ ರಿಕಿ ಲೀ ಅವರದು, ಸ್ಪರ್ಧೆಯಲ್ಲಿ ಗೆದ್ದ ಕಥೆ. ಬರಗಾಲದ ಹಳ್ಳಿ. ಗ್ರಹಣದ ಹೊತ್ತಿನಲ್ಲಿ ಎಲ್ಸಾ ಎಂಬ ಹುಡುಗಿ ಮೇರಿ ಮಾತೆಯನ್ನು ಕಂಡೆ ಎನ್ನುತ್ತಾಳೆ. ರೋಗಿಗಳು ಬರುತ್ತಾರೆ, ಅಂಗಡಿಗಳು ಏಳುತ್ತವೆ, ಹಳ್ಳಿಗೆ ದುಡ್ಡು ಬರುತ್ತದೆ. ಅವಳ ಮೇಲೆ ಅತ್ಯಾಚಾರವಾಗಿ ಬಸುರಾದರೆ ಅದನ್ನೂ ಜನ ಪವಾಡ ಎನ್ನುತ್ತಾರೆ. ಕೊನೆಗೆ ಅವಳು ಬೆಟ್ಟದ ಮೇಲೆ ಎಲ್ಲರನ್ನೂ ಸೇರಿಸಿ, ಪವಾಡವೆಂಬುದಿಲ್ಲ, ಅದು ಮನುಷ್ಯರ ಮನಸ್ಸಿನಲ್ಲಿದೆ, ದೇವರನ್ನು ಮಾಡುವವರೂ ಶಪಿಸುವವರೂ ನಾವೇ ಎನ್ನುತ್ತಾಳೆ. ಗುಂಡು ಹಾರುತ್ತದೆ. ಕಾಲ್ತುಳಿತ. ಈ ಕಟ್ಟಡ ರಿಕಿ ಲೀ ಮತ್ತು ಬೆರ್ನಾಲ್ ಅವರದು. ಬೇರೆ ಸಮರ್ಥ ನಟಿಯನ್ನು ಅಲ್ಲಿ ನಿಲ್ಲಿಸಿದ್ದರೂ ಕಟ್ಟಡ ಬೀಳುತ್ತಿರಲಿಲ್ಲ. 2008ರಲ್ಲಿ ಸಿಎನ್‌ಎನ್ ವೀಕ್ಷಕರ ಮತದಲ್ಲಿ ಏಷ್ಯಾ ಪೆಸಿಫಿಕ್‌ನ ಸಾರ್ವಕಾಲಿಕ ಶ್ರೇಷ್ಠ ಚಿತ್ರವೆನಿಸಿತು ಎಂದು ಹೇಳಬೇಡಿ. ಅಭಿಮಾನಿಗಳ ಮತದಿಂದ ಚಿತ್ರದ ತೂಕ ಗೊತ್ತಾಗುವುದಿಲ್ಲ.

ಮೈಸೂರು ಮೇಷ್ಟರು

ಬೀಳುತ್ತಿರಲಿಲ್ಲ, ಆದರೆ ಅದು ಆ ಕಟ್ಟಡವಾಗಿಯೂ ಇರುತ್ತಿರಲಿಲ್ಲ.

ಎಲ್ಸಾಳನ್ನು ಮುಟ್ಟಲು ಬರುವ ಆ ಸಾವಿರಾರು ಜನ ಯಾರನ್ನು ಮುಟ್ಟಲು ಬಂದಿದ್ದಾರೆ? ಚಿತ್ರದೊಳಗೆ ಎಲ್ಸಾಳನ್ನು. ಚಿತ್ರಮಂದಿರದಲ್ಲಿ ಕುಳಿತ ಫಿಲಿಪ್ಪೀನ್ಸ್‌ನ ಪ್ರೇಕ್ಷಕರಿಗೆ ಅದು ಎಲ್ಸಾ ಮಾತ್ರವಲ್ಲ. ಹದಿನೈದು ವರ್ಷದಿಂದ ಯಾರ ಕಾರಿನ ಹಿಂದೆ ಓಡಿದ್ದರೋ, ಯಾರ ಬಟ್ಟೆಯ ಚೂರಿಗಾಗಿ ಬಡಿದಾಡಿದ್ದರೋ, ಆ ನೋರಾ. ನೀರು ಮಾರುತ್ತಿದ್ದ ಹುಡುಗಿ ದೇವತೆಯಾದದ್ದನ್ನು ಅವರೇ ಮಾಡಿದ್ದರು. ಆಕೆ ಅವರ ಕಡೆ ತಿರುಗಿ, ನನ್ನನ್ನು ಮಾಡಿದವರು ನೀವು, ನನ್ನಲ್ಲಿ ಏನೂ ಇಲ್ಲ ಎಂದಾಗ ಆ ಮಾತು ಚಿತ್ರಕಥೆಯನ್ನು ದಾಟಿ ಹೋಗುತ್ತದೆ. 'ಬೋನಾ'ದಲ್ಲಿ ಇದರ ಇನ್ನೊಂದು ಮಗ್ಗುಲು: ದೇಶದಲ್ಲೇ ಅತಿ ಉಗ್ರ ಅಭಿಮಾನಿಗಳಿದ್ದ ತಾರೆ ತಾನೇ ಅಭಿಮಾನಿಯ ಪಾತ್ರ ಮಾಡಿ, ಆ ಹುಚ್ಚಿನ ಕೊನೆ ಎಲ್ಲಿ ಎಂದು ತೋರಿಸಿದರು. ಬ್ರೋಕಾ ಮತ್ತು ಬೆರ್ನಾಲ್ ಇಬ್ಬರೂ ಬುದ್ಧಿವಂತರು, ನೋರಾ ಅವರ ಬದುಕನ್ನೇ ಚಿತ್ರದ ಅರ್ಥದೊಳಕ್ಕೆ ಎಳೆದುಕೊಂಡರು. ಆ ಬದುಕನ್ನು ಬೇರೆ ಸಮರ್ಥ ನಟಿ ಎಲ್ಲಿಂದ ತರುತ್ತಿದ್ದರು?

ಸಂಜೆ ಆಟದವರೇ, ಮಾರ್ಕೋಸ್ ಹಣದ ಮಾತಿಗೂ ಉತ್ತರ ಇಲ್ಲೇ ಇದೆ. ಚಿತ್ರೀಕರಣ ನಡೆದದ್ದು ಇಲೋಕೋಸ್ ನೋರ್ತೆಯ ಪವೋಯ್‌ನಲ್ಲಿ, ಅದು ಮಾರ್ಕೋಸ್ ಅವರ ತವರು ಪ್ರಾಂತ. ಸರ್ವಾಧಿಕಾರಿಯ ಮಗಳ ಸಂಸ್ಥೆಯ ಹಣದಿಂದ, ಅವನ ತವರಿನಲ್ಲೇ, ನೀವು ಪೂಜಿಸುವ ಮೂರ್ತಿ ನೀವೇ ಮಾಡಿಕೊಂಡದ್ದು ಎಂದು ಹೇಳುವ ಚಿತ್ರ ತೆಗೆದರು. 1986ರಲ್ಲಿ ಆಕೆ ಯಾವ ವೇದಿಕೆ ಹತ್ತಿದರು ಎಂಬುದು ಆಕೆಯ ಬದುಕಿನ ನೋವಿನ ಅಧ್ಯಾಯ. ಚಿತ್ರ ಹೇಳಿದ್ದನ್ನು ಅದು ಅಳಿಸಲಾರದು.

ದೋಹಾ ಕನ್ನಡತಿ

ಮೇಷ್ಟರು ಹೇಳಿದ ಆ ನರ್ಸ್‌ನ ಚಿತ್ರದ ಬಗ್ಗೆ ನನ್ನ ಸಹೋದ್ಯೋಗಿಯನ್ನು ಇವತ್ತು ಕೇಳಿದೆ. ಕೇಳಿದ ಕೂಡಲೇ ಆ ಇಂಗ್ಲಿಷ್ ವಾಕ್ಯವನ್ನು ಪೂರ್ತಿಯಾಗಿ ಹೇಳಿದರು. ಆಮೇಲೆ ಇನ್ನೊಂದು ವಿಷಯ ಹೇಳಿದರು: ಮನೆಗೆಲಸಕ್ಕೆ ಹೋದ ಹೆಂಗಸರ ಬಗ್ಗೆ ಸಿನಿಮಾಕ್ಕೂ ಮೊದಲೇ, 1992ರಲ್ಲಿ, ನೋರಾ ಒಂದು ನಾಟಕ ಮಾಡಿ ಹೊರದೇಶಗಳಲ್ಲಿರುವ ತಮ್ಮವರ ಮುಂದೆ ಆಡಿದ್ದರಂತೆ. ಬರೆದವರು 'ಹಿಮಾಲಾ'ದ ರಿಕಿ ಲೀ ಅವರೇ. ಅಲ್ಲಿ ಕ್ಯಾಮೆರಾವೂ ಇಲ್ಲ, ಕತ್ತರಿಯೂ ಇಲ್ಲ.

ಕತ್ತರಿ ಕೆಲಸ

ಮೇಷ್ಟರ ಮಾತು ನನ್ನನ್ನು ಯೋಚನೆಗೆ ಹಚ್ಚಿತು. ತಾರೆಯ ಬದುಕು ಚಿತ್ರದ ಅರ್ಥದ ಒಂದು ಭಾಗವಾಗುತ್ತದೆ ಎಂಬುದನ್ನು ಎಡಿಟರ್ ಆಗಿ ನಾನು ಲೆಕ್ಕಕ್ಕೆ ಹಿಡಿಯಬೇಕಾದ ವಿಷಯವೇ. ಆದರೂ ತಾರೆಯ ಕಥೆ ಬೇರೆ, ನಟನೆಯ ಕೌಶಲ ಬೇರೆ. ಕೌಶಲದ ಬಗ್ಗೆಯೇ ಒಬ್ಬರಾದರೂ ನನಗೆ ಹೇಳಿ. ಒಂದು ದೃಶ್ಯ, ಒಂದು ಕೆಲಸ. 'ಕಣ್ಣು' ಎಂಬ ಪದ ಬೇಡ.

ನಾಲ್ಕನೇ ಸಾಲು

ಹೇಳುತ್ತೇನೆ.

2010ರಲ್ಲಿ ಒಂದು ಸೌಂದರ್ಯ ಚಿಕಿತ್ಸೆ ಎಡವಟ್ಟಾಗಿ ಅವರ ಹಾಡುವ ದನಿ ಹೋಯಿತು. ಇರಿಗಾದ ನಿಲ್ದಾಣದಿಂದ ಅವರನ್ನು ಹೊರಗೆ ತಂದದ್ದೇ ಆ ದನಿ, ನೆನಪಿರಲಿ. ಅಮೆರಿಕದಲ್ಲಿ ಕಳೆದ ವರ್ಷಗಳ ನಂತರ 2011ರಲ್ಲಿ ಊರಿಗೆ ಮರಳಿದರು. ಮುಂದಿನ ವರ್ಷ 'ದೈ ವೂಂಬ್'. ದೇಶದ ದಕ್ಷಿಣದ ಕೊನೆಯ ತಾವಿ-ತಾವಿ ದ್ವೀಪಗಳಲ್ಲಿ, ನೀರಿನ ಮೇಲೆ ಕಂಬ ನೆಟ್ಟ ಮನೆಗಳಲ್ಲಿ ಬಾಳುವ ಬಜಾವ್ ಸಮುದಾಯದ ಸೂಲಗಿತ್ತಿ ಶಾಲೇಹಾ. ಊರಿನ ಮಕ್ಕಳಿಗೆಲ್ಲ ಹೆರಿಗೆ ಮಾಡಿಸಿದವಳಿಗೆ ಸ್ವಂತ ಮಗುವಿಲ್ಲ. ಗಂಡನಿಗೆ ಮಗು ಬೇಕೆಂದು ತಾನೇ ಎರಡನೆಯ ಹೆಣ್ಣು ಹುಡುಕಲು ಹೊರಡುತ್ತಾಳೆ, ತೆರಕ್ಕೆ ಹಣ ಕೂ‌ಡಿಸುತ್ತಾಳೆ. ಸಿಕ್ಕ ಹುಡುಗಿಯ ಷರತ್ತು: ಮಗು ಹುಟ್ಟಿದ ಮೇಲೆ ಮೊದಲ ಹೆಂಡತಿಯನ್ನು ಬಿಡಬೇಕು. ಕೊನೆಗೆ ಆ ಹೆರಿಗೆ ಮಾಡಿಸುವುದೂ ಶಾಲೇಹಾಳೇ.

ಇಲ್ಲಿ ಅಳುವ ದೃಶ್ಯವಿಲ್ಲ, ಭಾಷಣವಿಲ್ಲ. ಮಾತೇ ಕಡಿಮೆ. ನೋಡಬೇಕಾದದ್ದು ಕೈಗಳನ್ನು. ಚಾಪೆ ಹೆಣೆಯುವಾಗ, ದೋಣಿಯಲ್ಲಿ ಗಂಡನ ಜೊತೆ ಬಲೆ ಎಳೆಯುವಾಗ ಅವರ ಕೈಗಳು ಆ ಕೆಲಸವನ್ನು ಹುಟ್ಟಿದಾಗಿನಿಂದ ಮಾಡಿದ ಹಾಗೆ ಓಡುತ್ತವೆ. ಸುತ್ತ ಇರುವವರು ಬಹುಮಟ್ಟಿಗೆ ಅಲ್ಲಿನ ನಿಜವಾದ ಜನ, ನಟರಲ್ಲ. ನಲವತ್ತು ವರ್ಷ ತಾರೆಯಾಗಿದ್ದವರು ಅವರ ನಡುವೆ ಕುಳಿತರೆ ಬೇರೆಯಾಗಿ ಕಾಣುವುದಿಲ್ಲ. ಕೊನೆಯ ಹೆರಿಗೆಯ ದೃಶ್ಯದಲ್ಲಿ ಅದೇ ಕೈಗಳು ಕೆಲಸವನ್ನು ಅಚ್ಚುಕಟ್ಟಾಗಿ ಮುಗಿಸುತ್ತವೆ. ಅವಳಿಗೆ ಆಗುತ್ತಿರುವ ಅನ್ಯಾಯ ಅವಳ ಕಸುಬಿನ ಶಿಸ್ತನ್ನು ಕೆಡಿಸುವುದಿಲ್ಲ. ತಾನು ಬೀದಿಪಾಲಾಗಲು ಕಾರಣವಾಗುವ ಮಗುವನ್ನು ಅವಳು ಎಷ್ಟು ಜೋಪಾನವಾಗಿ ಹಿಡಿಯುತ್ತಾಳೆ ಎಂಬುದರಲ್ಲೇ ಇಡೀ ಚಿತ್ರ ಇದೆ. ಮೆಂಡೋಸಾ ಅದನ್ನು ಕಂಡು ಚಿತ್ರಿಸಿದರು. ಮಾಡಿದವರು ನೋರಾ. ವೆನಿಸ್ ಚಿತ್ರೋತ್ಸವದ ಸ್ಪರ್ಧಾ ವಿಭಾಗದಲ್ಲಿ ಚಿತ್ರ ಇತ್ತು, ಮರುವರ್ಷ ಏಷ್ಯನ್ ಫಿಲ್ಮ್ ಅವಾರ್ಡ್ಸ್‌ನಲ್ಲಿ ಅವರಿಗೆ ಶ್ರೇಷ್ಠ ನಟಿ ಪ್ರಶಸ್ತಿ ಬಂತು.

ಕತ್ತರಿ ಕೆಲಸ

ಇದು ಉತ್ತರ. ಇಂಥದ್ದನ್ನೇ ಕರಪತ್ರದಲ್ಲಿ ಬರೆಯಿರಿ. "ಅಷ್ಟೇ ಪಾಲು" ಎಂಬ ಅಳತೆಗೆ ನನ್ನ ತಕರಾರು ಈಗಲೂ ಇದೆ. ಕೈಗಳ ಬಗ್ಗೆ ನೀವು ಬರೆದ ಆ ನಾಲ್ಕು ಸಾಲು ಇದ್ದರೆ ಅಳತೆಯ ಅಗತ್ಯವೇ ಬೀಳುವುದಿಲ್ಲ.

ಮಲೆನಾಡಿನವಳು

ನನಗೆ ಅಳತೆಯೂ ಬೇಕು. ನಿರ್ದೇಶಕರ ಬಗ್ಗೆ ಬರೆಯುವಾಗ ಯಾರೂ ಹಿಂಜರಿಯದೆ ಅಳತೆ ಬಳಸುತ್ತಾರೆ. ವಾಕ್ಯ ಇರಲಿ.

ಮತ್ತೆ, ತೋರಿಸುವುದು ಯಾವ ಚಿತ್ರ? 'ಬೋನಾ' ಎಂದು ನನ್ನ ಮತ. ಬಹುಕಾಲ ಒಳ್ಳೆಯ ಪ್ರತಿ ಸಿಗದೆ ಇದ್ದ ಚಿತ್ರ ಅದು. 2024ರಲ್ಲಿ ಸರಿಪಡಿಸಿದ ಹೊಸ ಪ್ರತಿಯನ್ನು ಕಾನ್ ಚಿತ್ರೋತ್ಸವದಲ್ಲಿ ಹಳೆಯ ಚಿತ್ರಗಳ ವಿಭಾಗದಲ್ಲಿ ತೋರಿಸಿದರು. 'ಹಿಮಾಲಾ'ದ ಪ್ರತಿಯೂ 2012ರಲ್ಲಿ ಸರಿಯಾಗಿದೆ. ಅವರು ನಟಿಸಿದ ಸುಮಾರು 170 ಚಿತ್ರಗಳಲ್ಲಿ ಹೀಗೆ ಕಣ್ಣಿಗೆ ಬೀಳುವ ಸ್ಥಿತಿಯಲ್ಲಿರುವುದು ಕೆಲವೇ ಕೆಲವು.

ಸಂಜೆ ಆಟ

'ಹಿಮಾಲಾ' ಮತ್ತು 'ರೆಲಾಸ್ಯೋನ್' ಒಂದೇ ದಿನ ತೋರಿಸಿ. ಒಬ್ಬರೇ ನಿರ್ದೇಶಕ, ಒಂದೇ ವರ್ಷ, ಇಬ್ಬರು ನಟಿಯರು. ಕತ್ತರಿ ಕೆಲಸದವರ ಪ್ರಶ್ನೆಗೆ ಇದಕ್ಕಿಂತ ಒಳ್ಳೆಯ ಪರೀಕ್ಷೆ ಬೇರೆ ಇಲ್ಲ.

ದೋಹಾ ಕನ್ನಡತಿ

ಫ್ಲೋರ್ ಚಿತ್ರವನ್ನು ಕಲೆಯಲ್ಲಿ ಕಡಿಮೆ ಎಂದಿರಿ, ಇರಬಹುದು. ಆದರೂ ನಿಮ್ಮ ಊರಿನಲ್ಲಿ ಮಕ್ಕಳು ಗಲ್ಫ್‌ನಲ್ಲಿರುವ ಮನೆಗಳು ಇದ್ದರೆ ಅವರನ್ನು ಕರೆದು ಅದನ್ನೇ ತೋರಿಸಿ. ಅವರಿಗೆ ಪರಿಚಯದ ಕರಪತ್ರ ಬೇಕಾಗುವುದಿಲ್ಲ.

ನಾಲ್ಕನೇ ಸಾಲು

ಸಂಜೆ ಆಟದವರ ಸಲಹೆಯನ್ನು ಸಮಿತಿಯ ಮುಂದಿಡುತ್ತೇನೆ. 'ರೆಲಾಸ್ಯೋನ್'ನ ಉಪಶೀರ್ಷಿಕೆ ಇರುವ ಪ್ರತಿ ಎಲ್ಲಿ ಸಿಗುತ್ತದೆಂದು ತಿಳಿದವರು ದಯವಿಟ್ಟು ಇಲ್ಲೇ ಹೇಳಿ. ಅದು ಸಿಗದಿದ್ದರೆ 'ಬೋನಾ' ತೋರಿಸುತ್ತೇವೆ. ದೋಹಾದ ಮೇಡಂ, ಫ್ಲೋರ್ ಚಿತ್ರಕ್ಕೆ ಬೇರೆಯೇ ಒಂದು ದಿನ ಬೇಕು, ನೀವು ರಜೆಗೆ ಉಡುಪಿಗೆ ಬರುವ ತಿಂಗಳು ತಿಳಿಸಿ. ವಾಕ್ಯ ಹಾಗೆಯೇ ಅಚ್ಚಿಗೆ ಹೋಗುತ್ತದೆ.